ನಮ್ಮವ್ವ ಕಂಡ ಜಪಾನಿ ಮೇಡಮ್

ನಮ್ಮವ್ವನಿಗೆ ಸೀರಿಯಲ್ಲುಗಳೆಂದರೆ ಆಗುತ್ತಿರಲಿಲ್ಲ. ಸೊಸೆಯಂದಿರು ಬಾಗಿಲ ಮರೆಯಲ್ಲಿ ನಿಂತು ಅಳುವುದನ್ನು ನೋಡುವಷ್ಟು ಪುರಸೊತ್ತು ಮೋರಖಂಡಿಯಲ್ಲಿ ಕುರಿ ಕಾಯುವ ಹೆಂಗಸಿಗೆ ಎಲ್ಲಿಂದ ಬರಬೇಕು? ಭಾನುವಾರ ಮಧ್ಯಾಹ್ನ ಮಾತ್ರ ಕುರಿಗಳನ್ನು ಅಪ್ಪನಿಗೆ ಒಪ್ಪಿಸಿ ಟಿವಿ ಮುಂದೆ ಕೂತುಬಿಡುತ್ತಿದ್ದಳು. ಹಿಂದಿಗೆ ಡಬ್ ಆದ ಜಪಾನಿ ಧಾರಾವಾಹಿ ಅದು. ಆಕಾಶದಿಂದ ಇಳಿದ ದೈತ್ಯಪ್ರಾಣಿಗಳು ವಾರಕ್ಕೊಂದು ಊರು ತುಳಿಯುತ್ತಿದ್ದವು. ಬೆಳ್ಳಿ ಬಣ್ಣದ ಹೆಲ್ಮೆಟ್ ತೊಟ್ಟ ಹೆಣ್ಣುಮಗಳೊಬ್ಬಳು ಬಾಹ್ಯಾಕಾಶ ಠಾಣೆಯಲ್ಲಿ ಕೂತು, ಗಂಡಸರಿಗೆ ಆಜ್ಞೆ ಕೊಟ್ಟು ಭೂಮಿ ಉಳಿಸುತ್ತಿದ್ದಳು. ಅವ್ವ ಆಕೆಯನ್ನು ಮೇಡಮ್ ಎಂದೇ ಕರೆಯುತ್ತಿದ್ದಳು.

“ನೋಡು, ಹ್ಯಾಂಗ ಬೈಯಾಕತ್ತಾಳ! ಒಮ್ಮೆನೂ ಅತ್ತಿಲ್ಲ.”

“ಅದೆಲ್ಲಾ ಝೂಟ್ ಅದ,” ಎಂದ ಅಪ್ಪ.

“ನೀವು ನೋಡೋ ಟಿವಿ ಕುಸ್ತಿ ಖರೇ ಅದೇನು?” ಎಂದಳು ಅವ್ವ. ಅಪ್ಪ ಕುರಿಗಳ ಕಡೆ ನಡೆದ.

ಧಾರಾವಾಹಿ ಮುಗಿಯಿತು, ಭೂಮಿ ಉಳಿಯಿತು. ನಾನು ಮದುವೆಯಾಗಿ ಹುಮನಾಬಾದಿನ ಪಕ್ಕದ ಮಾಣಿಕನಗರಕ್ಕೆ ಬಂದು, ಗಂಡನ ಬಳೆ ಅಂಗಡಿಯಲ್ಲಿ ಕೂತೆ. ಅವ್ವ ಆಗಾಗ ಬಸವಕಲ್ಯಾಣದಲ್ಲಿ ಬಸ್ ಬದಲಿಸಿ ಬರುವಳು. ಒಮ್ಮೆ ಹಾಗೆ ಬಂದಿದ್ದಾಗ, ಗಿರಾಕಿಗಳಿಲ್ಲದ ಹೊತ್ತಿನಲ್ಲಿ ಮೊಬೈಲಿನಲ್ಲಿ ಹುಡುಕಿದರೆ ಮೇಡಮ್ ಸಿಕ್ಕಿಯೇಬಿಟ್ಟಳು. ಆಮೇಲೂ ಸುಮ್ಮನೆ ಕೂತಿರಲಿಲ್ಲ ಆಕೆ; ಒಂದು ಸಿನಿಮಾದಲ್ಲಿ ಅನ್ಯಗ್ರಹದ ರಾಣಿಯಾಗಿ, ಕೊಂಬು ಹಚ್ಚಿಕೊಂಡು, ಇದೇ ಭೂಮಿಯನ್ನು ಸುಡಲು ಬಂದಿದ್ದಳು.

ಅವ್ವನ ಮುಖ ಸಣ್ಣದಾಯಿತು. ಸ್ವಲ್ಪ ಹೊತ್ತು ನೋಡಿ, “ಸುಡಲಿ ಬಿಡು,” ಎಂದಳು. “ಅಷ್ಟು ವರ್ಷ ಕಾಯ್ದಾಳ, ಯಾರರೆ ಒಂದು ಶುಕ್ರಿಯಾ ಅಂದಾರೇನು?”

ಮುಂದಿನ ಸಲ ಬಂದಾಗ ಅದೇ ಧಾರಾವಾಹಿಯ ಮೇಲೆ ತೆಗೆದ ಇತ್ತೀಚಿನ ಸಿನಿಮಾ ತೋರಿಸಿದೆ. ಹಳೆಯ ಠಾಣೆಯನ್ನೇ ಹೊಸದಾಗಿ ಕಟ್ಟಿದ್ದರು. ಅಂದು ಮೇಡಮ್ಮಿನ ಕೈಕೆಳಗೆ ಬೈಸಿಕೊಳ್ಳುತ್ತಿದ್ದ ನಟ ಈಗ ಬೆಳ್ಳಗಿನ ಕೂದಲಲ್ಲಿ ಠಾಣೆಯ ಮುಖ್ಯಾಧಿಕಾರಿಯಾಗಿದ್ದ. ಮೇಡಮ್ ನಾಯಕಿಯ ಅಜ್ಜಿ. ಅಡುಗೆಮನೆಯಲ್ಲಿ ಚಹಾ ಸೋಸಿ ಕೊಟ್ಟು, ಹುಷಾರಾಗಿ ಹೋಗಿ ಬಾ ಎಂದಳು. ಅಷ್ಟೇ ಆಕೆಯ ಪಾತ್ರ.

“ಅವನಿಗೂ ವಯಸ್ಸಾಗ್ಯಾದಲ್ಲ?” ಎಂದಳು ಅವ್ವ.

“ಹೌದವ್ವ.”

“ಅವನಿಗಿ ಕುರ್ಚಿ ಕೊಟ್ಟು ಇಕಿಗಿ ಚಹಾ ಮಾಡಾಕ ಯಾಕ ಹಚ್ಚ್ಯಾರ?”

ನನ್ನ ಗಂಡ ಕೌಂಟರಿನಲ್ಲಿ ಕೂತು ನನಗೆ ಚಹಾ ಮಾಡಲು ಹೇಳಿದ್ದು ಅದೇ ಹೊತ್ತಿಗೆ. ಅವ್ವ ಅವನನ್ನು ನೋಡಿದಳು. ಅವನೇ ಎದ್ದುಹೋಗಿ ಹೋಟೆಲಿನಿಂದ ಮೂರು ಚಹಾ ತಂದ. ಯಾಕೆಂದು ಅವನಿಗೆ ಇವತ್ತಿಗೂ ಗೊತ್ತಿಲ್ಲ.

ಅವ್ವ ಬೇಜಾರಾಗಿ ಹೋಗಬಾರದೆಂದು ಮೇಡಮ್ಮಿನ ಸಂದರ್ಶನವೊಂದನ್ನು ಹಚ್ಚಿದೆ. ಬಣ್ಣವಿಲ್ಲದ ಮುಖ, ಸಾದಾ ಅಂಗಿ. ಜಪಾನಿಯಲ್ಲಿ ಮೆಲ್ಲಗೆ ಮಾತಾಡುತ್ತಿದ್ದಳು. ಅವ್ವ ಮೊಬೈಲನ್ನು ಕಿವಿಗೆ ಹಿಡಿದು ಕೇಳಿದಳು.

“ದನಿ ಆಕಿದಲ್ಲ.”

ಹಿಂದಿ ದನಿ ಮುಂಬೈಯ ಬೇರೆ ಯಾವಳೋ ಕೊಟ್ಟದ್ದು ಎಂದು ವಿವರಿಸಿದೆ. ಅವ್ವ ಅದನ್ನು ಒಪ್ಪಲಿಲ್ಲ. “ಎಷ್ಟು ಛಲೋ ಹಿಂದಿ ಮಾತಾಡ್ತಿದ್ಳು. ಮರ್ತಾಳ ಪಾಪ.”

ಕೆಳಗೆ ಇಂಗ್ಲಿಷಿನಲ್ಲಿ ಬರುತ್ತಿದ್ದುದನ್ನು ಓದಿ ಹೇಳಿದೆ. ಹೆಲ್ಮೆಟ್ ವಿಪರೀತ ಭಾರವಿತ್ತಂತೆ, ಒಳಗಿನಿಂದ ಏನೂ ಕಾಣುತ್ತಿರಲಿಲ್ಲವಂತೆ. ಎದುರಿಗೆ ಗಂಡಸರು ಯಾವ ಕಡೆ ನಿಂತಿದ್ದಾರೆಂದು ಗೊತ್ತಾಗದೆ ಗೋಡೆಗೆ ಆಜ್ಞೆ ಕೊಡುತ್ತಿದ್ದಳಂತೆ. ಕುತ್ತಿಗೆ ಈಗಲೂ ನೋಯುತ್ತದೆಯಂತೆ.

ಅವ್ವ ತನ್ನ ಕುತ್ತಿಗೆ ಒತ್ತಿಕೊಂಡಳು. ಆಯುಷ್ಯವಿಡೀ ಮೇವಿನ ಹೊರೆ ಹೊತ್ತ ಕುತ್ತಿಗೆ ಅದು. “ಔಡಲೆಣ್ಣೆ ಬೆಚ್ಚಗ ಮಾಡಿ ಹಚ್ಚು ಅಂತ ಬರಿಯಬೇ ಆಕಿಗಿ.”

ವಿಡಿಯೊದ ಕೆಳಗೆ ಬರೆದೆ, ಕನ್ನಡದಲ್ಲೇ. ಯಾರೋ ಒಬ್ಬರು ಅದಕ್ಕೊಂದು ಕೆಂಪು ಹೃದಯ ಒತ್ತಿದರು.

ಮರುವಾರ ಅವ್ವ ಮೋರಖಂಡಿಯಿಂದ ಫೋನ್ ಮಾಡಿದಳು. ಮೊಮ್ಮಕ್ಕಳನ್ನೂ ಕೇಳಲಿಲ್ಲ, ನನ್ನನ್ನೂ ಕೇಳಲಿಲ್ಲ.

“ಕುತ್ತಿಗಿ ಹ್ಯಾಂಗದ ಆಕಿದು?”

“ಏನೂ ಬರ್ದಿಲ್ಲವ್ವ.”

“ಎಣ್ಣಿ ಹಚ್ಚಿರಾಂಗಿಲ್ಲ ಬಿಡು,” ಎಂದು ಫೋನ್ ಇಟ್ಟಳು.