ಪೀಣ್ಯದ ಇನ್ನೊಬ್ಬ ನೀಲಮ್ಮ

ಇವತ್ತು ಬೆಳಿಗ್ಗೆ ಕುಂದಲಹಳ್ಳಿಯ ನಮ್ಮ ಆಫೀಸಿನಲ್ಲಿ ಲಿಫ್ಟ್ ಕೆಟ್ಟಿತ್ತು. ಮೆಕ್ಯಾನಿಕ್ ಒಬ್ಬರು ಬಾಗಿಲು ತೆರೆದಿಟ್ಟುಕೊಂಡು ಒಳಗೆ ಏನಕ್ಕೋ ಗ್ರೀಸ್ ಹಚ್ಚುತ್ತಿದ್ದರು. ಉಳಿದವರೆಲ್ಲ ಮೂಗು ಮುಚ್ಚಿಕೊಂಡು ಮೆಟ್ಟಿಲು ಹತ್ತಿದರು. ನಾನು ಮಾತ್ರ ಎರಡು ನಿಮಿಷ ಅಲ್ಲೇ ನಿಂತೆ. ಗ್ರೀಸು, ಕಬ್ಬಿಣದ ಪುಡಿ, ಬಿಸಿಯಾದ ರಬ್ಬರು ಬೆರೆತ ಆ ವಾಸನೆ ನನಗೆ ಪೀಣ್ಯದ ವಾಸನೆ. ಅದು ಮೂಗಿಗೆ ಬಡಿದರೆ ನನ್ನದೇ ಹೆಸರಿನ ಒಬ್ಬ ಹೆಂಗಸು ನೆನಪಾಗುತ್ತಾರೆ.

ನನ್ನ ಹೆಸರು ನೀಲಮ್ಮ. ಸಿ. ಜಿ. ನೀಲಮ್ಮ. ಅದು ಅಜ್ಜಿಯ ಹೆಸರು. ದಾವಣಗೆರೆಯಲ್ಲಿ ನಾನು ಹುಟ್ಟುವ ಮೂರು ತಿಂಗಳ ಮೊದಲು ಅವರು ತೀರಿಕೊಂಡಿದ್ದರಿಂದ ಬೇರೆ ಹೆಸರಿನ ಮಾತೇ ಏಳಲಿಲ್ಲ. ಶಾಲೆಯಲ್ಲಿ ನನ್ನ ಸುತ್ತ ಶ್ವೇತಾ, ಕಾವ್ಯಾ, ದಿವ್ಯಾ. ನಡುವೆ ನಾನೊಬ್ಬಳು ಆರು ವರ್ಷದ ಮುದುಕಿ. ಮೇಷ್ಟ್ರು ಹಾಜರಿ ಕೂಗುವಾಗ ಗೌರವದಿಂದ ಎದ್ದು ನಿಲ್ಲಬೇಕೇನೋ ಎಂದು ಅವರಿಗೇ ಅನ್ನಿಸುತ್ತಿತ್ತೆಂದು ನನ್ನ ಗುಮಾನಿ. ಬೆಂಗಳೂರಿಗೆ ಬಂದು ಕೆಲಸಕ್ಕೆ ಸೇರಿದ ದಿನವೇ ಹೆಸರಿನ ಬಾಲ ಕತ್ತರಿಸಿ ‘ನೀಲಾ’ ಆದೆ; ಪೂರ್ತಿ ಹೆಸರು ಆಫೀಸಿನ ದಾಖಲೆಗಳಲ್ಲಷ್ಟೇ ಉಳಿಯಿತು. ಈ ಊರಿನಲ್ಲಿ ಯಾರೂ ಏಕೆ ಎಂದು ಕೇಳಲಿಲ್ಲ.

ನನ್ನ ಕೆಲಸವನ್ನು ನಿಮಗೆ ಸ್ವಲ್ಪ ವಿವರಿಸಬೇಕು; ನನ್ನ ಅತ್ತೆಗೆ ಇನ್ನೂ ಅರ್ಥವಾಗಿಲ್ಲ. ಯಾರಾದರೂ ಹೊಸದೊಂದನ್ನು ಕಂಡುಹಿಡಿದೆ ಎಂದು ಬರುತ್ತಾರೆ. ಅದನ್ನು ಅವರಿಗಿಂತ ಮೊದಲೇ ಜಗತ್ತಿನಲ್ಲಿ ಯಾರಾದರೂ ಕಂಡುಹಿಡಿದಿದ್ದಾರಾ ಎಂದು ಪೇಟೆಂಟ್ ದಾಖಲೆಗಳಲ್ಲಿ ಹುಡುಕಿ ಹೇಳುವುದು ನನ್ನ ಕೆಲಸ. ಹತ್ತರಲ್ಲಿ ಎಂಟು ಸಲ ಕಂಡುಹಿಡಿದಿರುತ್ತಾರೆ. ಜನರ ಉತ್ಸಾಹಕ್ಕೆ ನೀರೆರಚಿ ಸಂಬಳ ಪಡೆಯುವವಳು ನಾನು ಎಂದರೂ ತಪ್ಪಿಲ್ಲ. ಈ ಹುಡುಕಾಟದಲ್ಲಿ ದೊಡ್ಡ ತಲೆನೋವೆಂದರೆ ಒಂದೇ ಹೆಸರಿನವರು. ಈ ಮಂಜುನಾಥ ಆ ಮಂಜುನಾಥನೇ? ಪಂಪಿನ ಮೇಲೆ ಬರೆದವನೇ ಔಷಧದ ಮೇಲೂ ಬರೆದನೇ? ವಿಳಾಸ, ಇನಿಷಿಯಲ್, ಜೊತೆಗಾರರ ಹೆಸರು ಇವನ್ನೆಲ್ಲ ಹೊಂದಿಸಿ ಒಬ್ಬರನ್ನು ಇನ್ನೊಬ್ಬರಿಂದ ಬಿಡಿಸುವುದರಲ್ಲಿ ನಾನು ಗಟ್ಟಿಗಿತ್ತಿ ಎಂದು ಆಫೀಸಿನಲ್ಲಿ ಹೆಸರಿತ್ತು. ಆ ಹೆಸರನ್ನು ಹಬ್ಬಿಸಿದವಳೂ ಬಹುಪಾಲು ನಾನೇ.

ಕೆಲವು ವರ್ಷಗಳ ಹಿಂದಿನ ಮಾತು. ಪಕ್ಕದ ಮೇಜಿನ ಪ್ರದೀಪ ಯಾವುದೋ ಕಾರ್ಖಾನೆಯವರಿಗಾಗಿ ಪೇಟೆಂಟ್ ದಾಖಲೆ ಹುಡುಕುತ್ತಿದ್ದವನು ಕುರ್ಚಿ ಸಮೇತ ನನ್ನ ಕಡೆ ಉರುಳಿ ಬಂದ.

“ಏನ್ ಮೇಡಂ, ನಿಮ್ಮ ಹೆಸರಲ್ಲೇ ಒಂದು ಅಪ್ಲಿಕೇಶನ್ ಇದೆ! ಒಂದ್ ಮಾತೂ ಹೇಳ್ಲಿಲ್ಲ?”

ಪರದೆಯ ಮೇಲೆ ನೋಡಿದೆ. ಪ್ರೆಸ್ ಯಂತ್ರದಲ್ಲಿ ಕೆಲಸಗಾರರ ಬೆರಳು ಕಾಯುವ ಒಂದು ಸಾಧನ. ಕಂಡುಹಿಡಿದವರು: ನೀಲಮ್ಮ ಸಿ. ಜಿ., ಬೆಂಗಳೂರು.

‘ಅದು ನಾನಲ್ಲ’ ಎನ್ನಲು ಎಷ್ಟು ಹೊತ್ತು ಬೇಕು ಹೇಳಿ? ನಾನು ಬಾಯಿ ತೆರೆಯುವುದರೊಳಗೆ ಪ್ರದೀಪ ಮ್ಯಾನೇಜರ್ ಕ್ಯಾಬಿನ್ ತಲುಪಿದ್ದ. ಮಧ್ಯಾಹ್ನದ ಮೀಟಿಂಗಿನಲ್ಲಿ ಮ್ಯಾನೇಜರ್ ಎದ್ದು ನಿಂತು, ನಮ್ಮ ನಡುವೆಯೇ ಒಬ್ಬ ಸಂಶೋಧಕಿ ಇದ್ದಾರೆ ಎಂದರು. ಚಪ್ಪಾಳೆ ಬಿತ್ತು. ನಾನು ತಲೆ ತಗ್ಗಿಸಿ ನಕ್ಕೆ. ಆ ನಗುವನ್ನು ಅವರು ವಿನಯ ಅಂದುಕೊಂಡರು.

ಸಂಜೆ ಒಬ್ಬಳೇ ಕೂತು ಆ ದಾಖಲೆಯನ್ನು ಕೊನೆಯವರೆಗೆ ಓದಿದೆ. ಓದುತ್ತಾ ಓದುತ್ತಾ ಕಿವಿ ಬಿಸಿಯಾಯಿತು. ಅಷ್ಟು ಚೆನ್ನಾಗಿತ್ತು ಅದು. ಪ್ರೆಸ್ ಯಂತ್ರವೆಂದರೆ ತಗಡನ್ನು ಒಂದೇ ಏಟಿಗೆ ಕತ್ತರಿಸುವ ಯಂತ್ರ. ಕೈಯಿಂದ ತುಂಡು ಇಡಬೇಕು, ಕಾಲಿನಿಂದ ಪೆಡಲ್ ಒತ್ತಬೇಕು. ಕೈ ಹೊರಗೆ ಬರುವ ಮೊದಲೇ ಕಾಲು ಒತ್ತಿದರೆ ಬೆರಳು ಹೋಗುತ್ತದೆ. ಈ ನೀಲಮ್ಮ ಮಾಡಿದ್ದು ಇಷ್ಟೆ: ತುಂಡು ಇಡಲು ಉದ್ದನೆಯ ಒಂದು ಇಕ್ಕಳ. ಅದನ್ನು ತೂಗುಹಾಕಲು ಪಕ್ಕದಲ್ಲಿ ಒಂದು ಕೊಕ್ಕೆ. ಕೊಕ್ಕೆಯಿಂದ ಪೆಡಲಿಗೆ ಸೈಕಲ್ ಬ್ರೇಕಿನ ತಂತಿ. ಇಕ್ಕಳ ಕೊಕ್ಕೆಗೆ ಮರಳುವವರೆಗೆ ಪೆಡಲ್ ಅಲುಗುವುದಿಲ್ಲ. ಇದಕ್ಕೂ ಮೊದಲು ಯಾರಾದರೂ ಮಾಡಿದ್ದಾರಾ ಎಂದು ಅಭ್ಯಾಸಬಲದಿಂದ ಹುಡುಕಿದೆ. ಹತ್ತಿರ ಹತ್ತಿರದವು ಸಿಕ್ಕವು, ಇದು ಸಿಗಲಿಲ್ಲ. ದಾಖಲೆಯ ಕೊನೆಯಲ್ಲಿ, ಪೇಟೆಂಟ್ ಕಚೇರಿಯ ಪ್ರಶ್ನೆಗಳಿಗೆ ಉತ್ತರ ಬಾರದ ಕಾರಣ ಅರ್ಜಿ ಕೈಬಿಟ್ಟಂತಾಗಿದೆ ಎಂದಿತ್ತು.

ಯಾರೋ ಒಬ್ಬಾಕೆ ಬೆರಳು ಉಳಿಸುವ ದಾರಿ ಹುಡುಕಿದ್ದರು, ಅದಕ್ಕೆ ಬಂದ ಚಪ್ಪಾಳೆಯನ್ನು ನಾನು ಜೇಬಿಗಿಳಿಸಿದ್ದೆ. ಅವರನ್ನು ಹುಡುಕಬೇಕೆಂದು ಆ ಸಂಜೆಯೇ ನಿಶ್ಚಯಿಸಿದೆ. ಹುಡುಕುವುದು ನನ್ನ ಕಸುಬಲ್ಲವೇ? ಒಂದು ಭಾನುವಾರ ಸಾಕು ಅಂದುಕೊಂಡೆ.

ನಾಲ್ಕು ಭಾನುವಾರ ಹಿಡಿಯಿತು. ಅರ್ಜಿಯಲ್ಲಿದ್ದ ವಿಳಾಸ ಪೀಣ್ಯದ ಒಂದು ಸಣ್ಣ ಕಾರ್ಖಾನೆಯದು. ಆಗ ನಮ್ಮ ಕಡೆಗೆ ಮೆಟ್ರೋ ಬಂದಿರಲಿಲ್ಲ. ಬಸ್ಸು ಬದಲಿಸುತ್ತಾ ಊರಿನ ಆ ತುದಿಗೆ ಹೋಗಿ ನೋಡಿದರೆ ಕಾರ್ಖಾನೆ ಇದ್ದಲ್ಲಿ ಪಾರ್ಸೆಲ್ ಗೋದಾಮು. ಮನೆಗೆ ಬಂದು ಮತದಾರರ ಪಟ್ಟಿ ತೆರೆದೆ. ಜಾಲಹಳ್ಳಿ, ಪೀಣ್ಯ, ದಾಸರಹಳ್ಳಿ ಎಲ್ಲೆಲ್ಲೂ ನೀಲಮ್ಮಂದಿರು. ನನ್ನ ಹೆಸರು ನನಗೊಬ್ಬಳಿಗೇ ಅಂಟಿದ ಶಿಕ್ಷೆ ಅಂದುಕೊಂಡಿದ್ದವಳಿಗೆ ಆ ಪಟ್ಟಿ ನೋಡಿ ವಿಚಿತ್ರ ಧೈರ್ಯ ಬಂತು. ಇಷ್ಟೊಂದು ಜನ ಈ ಹೆಸರು ಹೊತ್ತುಕೊಂಡು ಆರಾಮಾಗಿ ವೋಟು ಹಾಕುತ್ತಿದ್ದಾರೆ! ವಯಸ್ಸು, ವಿಳಾಸ ಎಲ್ಲ ಅಳೆದು ತೂಗಿ ಮೂವರನ್ನು ಆರಿಸಿದೆ. ಮೊದಲಿನವರ ಮನೆಗೆ ಬೀಗ. ಎರಡನೆಯವರಿಗೆ ಯಂತ್ರವೆಂದರೆ ಮಿಕ್ಸಿ ಮಾತ್ರ ಗೊತ್ತಿತ್ತು. ಮೂರನೆಯವರು ಜಾಲಹಳ್ಳಿಯ ಶಾಂತವಾದೊಂದು ರಸ್ತೆಯಲ್ಲಿದ್ದರು. ಗಂಡ ಸರ್ಕಾರಿ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದವರು. ಗೇಟಿನಲ್ಲಿ ನನ್ನ ಕೈಯ ಪಟ್ಟಿ ನೋಡಿದ್ದೇ ಅವರ ದನಿ ಏರಿತು.

“ವೋಟರ್ ಲಿಸ್ಟಿಂದ ಬಂದ್ಯಾ? ಹೋದ ಸಲ ಹೆಸರು ಹೊಡೆದು ಹಾಕಿ, ಓಡಾಡಿಸಿ ಮತ್ತೆ ಸೇರಿಸಿದ್ರಿ. ನೋಡು, ಬದುಕಿದೀನಿ. ಸರಿಯಾಗಿ ಬರ್ಕೊಂಡು ಹೋಗು.”

“ಇಲ್ಲ ಆಂಟಿ. ನಾನೂ ನೀಲಮ್ಮ. ಇನ್ನೊಬ್ಬ ನೀಲಮ್ಮನ್ನ ಹುಡುಕ್ತಿದೀನಿ.”

ಅವರು ಕನ್ನಡಕ ಸರಿಮಾಡಿಕೊಂಡು ನನ್ನನ್ನು ಕೆಳಗಿಂದ ಮೇಲಕ್ಕೆ ನೋಡಿದರು. ನಂತರ ಒಳಗೆ ಕೂರಿಸಿ ಕಾಫಿ ಕೊಟ್ಟರು. ನಾನು ನಡೆದದ್ದನ್ನೆಲ್ಲ ಹೇಳಿದೆ. ಪ್ರೆಸ್ ಯಂತ್ರ ಎಂದಾಗ ಲೋಟ ಕೆಳಗಿಟ್ಟರು.

“ಅಯ್ಯೋ, ಸಿಲಿಂಡರ್ ನೀಲಮ್ಮ ಇರ್ಬೇಕು ಕಣೇ! ನಮ್ಮಿಬ್ಬರದ್ದೂ ಒಂದೇ ಗ್ಯಾಸ್ ಏಜೆನ್ಸಿ. ಆಗಾಗ ಅವಳ ಸಿಲಿಂಡರ್ ಇಲ್ಲಿ ತಂದು ಇಳಿಸ್ಬಿಡ್ತಾರೆ. ಅವಳು ಫೋನ್ ಮಾಡಿ, ಅಕ್ಕಾರ, ನನ್ನ ಸಿಲಿಂಡರ್ ನಿಮ್ಮನಿಗೆ ಬಂತೇನ್ರಿ ಅಂತ ಕೇಳ್ತಾಳೆ. ಮುಖ ನೋಡಿಲ್ಲ, ಆದ್ರೆ ಒಂದೊಂದ್ ಸಲ ಅರ್ಧ ಗಂಟೆ ಮಾತಾಡ್ತೀವಿ. ಪ್ರೆಸ್ ಕೆಲಸ ಅಂತಾನೇ ಹೇಳಿದ್ಳು.”

ಅಲ್ಲಿಂದಲೇ ಫೋನ್ ಮಾಡಿದರು. ಮೂರು ನಿಮಿಷದಲ್ಲಿ ನನ್ನ ಕೈಯಲ್ಲಿ ವಿಳಾಸವಿತ್ತು.

ಮುಂದಿನ ಭಾನುವಾರ ಪೀಣ್ಯದ ಒಂದು ವಠಾರದ ಕೊನೆಯ ಕೋಣೆಯ ಮುಂದೆ ನಿಂತೆ. ಒಳಗೆ ರೊಟ್ಟಿ ಬಡಿಯುವ ಸದ್ದು. ನಲವತ್ತೈದರ ಆಸುಪಾಸಿನ ಹೆಂಗಸು, ಗಟ್ಟಿ ತೋಳು, ಹಣೆಗೆ ವಿಭೂತಿ. ಊರು ಕುಷ್ಟಗಿ ಕಡೆಯ ಹಳ್ಳಿ. ಗಂಡನೊಂದಿಗೆ ಕಟ್ಟಡದ ಕೆಲಸಕ್ಕೆ ಬಂದವರು, ಆಮೇಲೆ ಕಾರ್ಖಾನೆ ಸೇರಿದ್ದರು.

“ಬರ್ರಿ, ಕೂಡ್ರಿ. ನೀವೂ ನೀಲಮ್ಮ ಅಂತಲ್ರೀ? ನಿಮ್ಮಂಥಾ ಓದಿದವರಿಗೂ ಈ ಹೆಸರು ಇಡ್ತಾರೇನು?”

ಕೂತ ತಕ್ಷಣ ನನ್ನ ತಪ್ಪು ಒಪ್ಪಿಕೊಂಡೆ. ಅವರ ಹೆಸರಿನಲ್ಲಿ ನಾನು ಶಭಾಷ್ ಅನ್ನಿಸಿಕೊಂಡೆ, ಇನ್ನೂ ಆಫೀಸಿನಲ್ಲಿ ನಿಜ ಹೇಳಿಲ್ಲ ಎಂದೆ. ಅವರು ಹಿಟ್ಟಿನ ಕೈಯನ್ನು ಬಾಯಿಗೆ ಅಡ್ಡ ಹಿಡಿದು ನಕ್ಕರು.

“ಚಪ್ಪಾಳಿ ಹೊಡದ್ರೇನು? ಅಷ್ಟೂ ಮಂದಿ? ಅಡ್ಡಿ ಇಲ್ಲ ಬಿಡ್ರಿ. ಆದ್ರ ನಿಜ ಹೇಳಿಬಿಡ್ರಿ, ಇಲ್ಲಾಂದ್ರ ನಾಳೆ ಅದನ್ನ ಮಾಡಿ ತೋರ್ಸು ಅಂದ್ರ ಏನ್ ಮಾಡ್ತೀರಿ?”

ನಾನು ದಾಖಲೆಯ ಪ್ರತಿ ಅವರ ಕೈಗೆ ಕೊಟ್ಟೆ. ಚಿತ್ರಗಳ ಮೇಲೆ ಬೆರಳಾಡಿಸಿದರು. ಪಕ್ಕದ ಯಂತ್ರದ ರೇಣುಕಾ ಎಂಬಾಕೆಯ ಎರಡು ಬೆರಳು ಹೋದ ಮೇಲೆ ಇದನ್ನು ಮಾಡಿದ್ದರಂತೆ. ಹಳೆಯ ಮಾಲೀಕರು ನೋಡಿ ಮೆಚ್ಚಿ, ಅರ್ಜಿಯಲ್ಲಿ ಇವರ ಹೆಸರನ್ನೇ ಬರೆಸಿ ಸಹಿ ಹಾಕಿಸಿದ್ದರು. ಆಮೇಲೆ ಅವರು ತೀರಿಕೊಂಡರು, ಕಾರ್ಖಾನೆ ಮುಚ್ಚಿತು.

ನನ್ನೊಳಗಿನ ಪರೀಕ್ಷಕಿ ಸುಮ್ಮನಿರಲಿಲ್ಲ. “ಒಂದು ಕೈಯಲ್ಲಿ ಇಕ್ಕಳ ಸರಿ. ಇನ್ನೊಂದು ಕೈ ಒಳಗೆ ಹೋದರೆ?” ಎಂದೆ.

“ಎರಡನೇ ಚಿತ್ರ ನೋಡ್ರಿ. ಎಡಗೈಗೆ ಹಿಡಿಕಿ ಇಟ್ಟೀನಿ. ಅದನ್ನ ಬಿಟ್ರೂ ಪೆಡಲ್ ಇಳಿಯೂದಿಲ್ಲ.”

ನಿಜ. ನಾನು ಎರಡು ಸಲ ಓದಿಯೂ ಗಮನಿಸಿರಲಿಲ್ಲ.

ಆಮೇಲೆ ಕಷ್ಟದ ಮಾತು ಹೇಳಬೇಕಾಯಿತು. ಪೇಟೆಂಟ್ ಬರುವುದಿಲ್ಲ, ಉತ್ತರ ಕೊಡುವ ಅವಧಿ ಮುಗಿದು ಎಷ್ಟೋ ಕಾಲವಾಗಿದೆ ಎಂದೆ. ಅವರು ತುಂಬ ಹೊತ್ತು ಒಲೆಯ ಕಡೆ ನೋಡುತ್ತಿದ್ದರು. ಹೆಂಚಿನ ಮೇಲಿನ ರೊಟ್ಟಿ ಸೀದುಹೋಯಿತು. “ಪೋಸ್ಟಿನಾಗ ಬರ್ತೈತಿ ಅಂತ ದಾರಿ ನೋಡಿದ್ದೆ,” ಎಂದರು. ಅವರೇ ಕಣ್ಣೊರೆಸಿಕೊಂಡು ರೊಟ್ಟಿ ತೆಗೆದಿಟ್ಟು ಕೇಳಿದರು.

“ಅಂದ್ರ ಈಗ ಇದನ್ನ ಯಾರು ಬೇಕಾದ್ರೂ ಮಾಡ್ಕೋಬಹುದು?”

“ಹೌದು. ಯಾರೂ ತಡೆಯೋ ಹಾಗಿಲ್ಲ.”

“ಹಂಗಾದ್ರ ಈ ಕಾಗದ ನನಗ ಬೇಕು. ಈಗಿನ ಕಾರ್ಖಾನ್ಯಾಗ ಸೂಪರ್‌ವೈಸರ್‌ಗೆ ಹೇಳಿ ಹೇಳಿ ಸಾಕಾಗೇತಿ. ನೀನೇನು ಇಂಜಿನಿಯರಾ ಅಂತಾನ. ಕಾಗದ ಅಂದ್ರ ನಂಬ್ತಾನ.”

ಕಾಗದವೊಂದೇ ಸಾಲದು, ಮಾಡಿಯೇ ತೋರಿಸೋಣ ಎಂದೆ. ಎರಡು ಭಾನುವಾರ ಅದೇ ಕೋಣೆಯಲ್ಲಿ ಕೂತು ಮಾಡಿದೆವು. ಅಂದರೆ ಅವರು ಮಾಡಿದರು. ನಾನು ಸ್ಕ್ರೂಡ್ರೈವರ್ ಹಿಡಿದು ನಿಂತಿದ್ದೆ, ಅದೂ ತಪ್ಪು ನಂಬರಿನದು. ಸೈಕಲ್ ಅಂಗಡಿಯಿಂದ ಬ್ರೇಕ್ ತಂತಿ, ಹಳೆಯ ಚಪ್ಪಲಿಯ ರಬ್ಬರು, ಬೆಸುಗೆಯವರಿಂದ ಎರಡು ಕೊಕ್ಕೆ. ನನ್ನ ಕೂದಲಿಗೆಲ್ಲ ಗ್ರೀಸ್.

ಶನಿವಾರ ಇಬ್ಬರೂ ಅವರ ಕಾರ್ಖಾನೆಗೆ ಹೋದೆವು. ಸೂಪರ್‌ವೈಸರ್ ದಾಖಲೆಯನ್ನು ತಿರುವಿ ನೋಡಿ ನನ್ನ ಕಡೆ ತಿರುಗಿದರು.

“ಮೇಡಂ, ಇದು ನಿಮ್ದಾ?”

ಕೇಳುವ ಹೊತ್ತಿಗೆ ಸರಿಯಾಗಿ ಕೇಳಿದರು ನೋಡಿ. “ಅಲ್ಲ ಸಾರ್,” ಎಂದೆ. “ನೀಲಮ್ಮ ಇವರು. ನಾನು ಬರೀ ಹೆಸರಿಗೆ ನೀಲಮ್ಮ.”

ನೀಲಮ್ಮ ಅದಾಗಲೇ ಯಂತ್ರ ಆಫ್ ಮಾಡಿ ತಂತಿ ಬಿಗಿಯುತ್ತಿದ್ದರು. ಅರ್ಧ ಗಂಟೆಯ ನಂತರ ಯಂತ್ರ ಚಾಲೂ ಮಾಡಿ, ಇಕ್ಕಳವನ್ನು ಸೂಪರ್‌ವೈಸರ್ ಕೈಗೆ ಕೊಟ್ಟರು. ಅಕ್ಕಪಕ್ಕದ ಹೆಂಗಸರೆಲ್ಲ ಕೆಲಸ ನಿಲ್ಲಿಸಿ ನಿಂತರು.

“ಇಕ್ಕಳ ಕೈಯಾಗ ಇರಲಿ. ಈಗ ಪೆಡಲ್ ಒತ್ರಿ ಸರ್.”

ಅವರು ಒತ್ತಿದರು. ಅಲುಗಲಿಲ್ಲ. ಇನ್ನೂ ಜೋರಾಗಿ ಒತ್ತಿದರು.

“ಇನ್ನೂ ಒತ್ರಿ. ನಿಂತು ಒತ್ರಿ.”

ಅವರು ನಿಜವಾಗಿಯೂ ಪೆಡಲಿನ ಮೇಲೆ ಹತ್ತಿ ನಿಂತರು. ಯಂತ್ರ ಸುಮ್ಮನಿತ್ತು. ನೀಲಮ್ಮ ಅವರನ್ನು ಇಳಿಸಿ, ಇಕ್ಕಳವನ್ನು ಕೊಕ್ಕೆಗೆ ಹಾಕಿ, ಎಡಗೈ ಹಿಡಿಕೆಯ ಮೇಲಿಟ್ಟು, ಕಾಲಿನ ಹೆಬ್ಬೆರಳ ತುದಿಯಲ್ಲಿ ಪೆಡಲ್ ತಟ್ಟಿದರು. ಧಡ್ ಎಂದು ಏಟು ಬಿತ್ತು. ಯಾರೋ ಹಿಂದಿನಿಂದ ಚಪ್ಪಾಳೆ ಶುರುಮಾಡಿದರು. ಈ ಸಲ ಅದು ಸರಿಯಾದ ವಿಳಾಸಕ್ಕೆ ತಲುಪಿತು.

“ಇದೊಂದಕ್ಕೆ ಹಾಕಿಡು, ನೋಡೋಣ,” ಎಂದರು ಸೂಪರ್‌ವೈಸರ್. ದೀಪಾವಳಿಯ ಹೊತ್ತಿಗೆ ಆ ಸಾಲಿನ ಎಲ್ಲ ಯಂತ್ರಗಳಲ್ಲೂ ಇಕ್ಕಳ ತೂಗುತ್ತಿತ್ತು. ಕಾರ್ಖಾನೆಗೆ ಹೋಗಿ ಬಂದ ಮೇಲಿನ ಸೋಮವಾರದ ಮೀಟಿಂಗಿನಲ್ಲಿ ನಾನೂ ಎದ್ದು ನಿಂತು ನಿಜ ಹೇಳಿದೆ. ಮ್ಯಾನೇಜರ್ ಮುಖ ಸ್ವಲ್ಪ ಸಣ್ಣದಾಯಿತು. ಪ್ರದೀಪ ಮಾತ್ರ, “ಪರ್ವಾಗಿಲ್ಲ ಮೇಡಂ, ಹುಡುಕಿದ್ದಂತೂ ನೀವೇ,” ಎಂದ. ಅದಕ್ಕೆ ನಾನು ಬೇಡ ಅನ್ನಲಿಲ್ಲ.

ಈಗ ನಾನು ಎಲ್ಲೆಡೆ ಪೂರ್ತಿ ಹೆಸರು ಬರೆಯುತ್ತೇನೆ. ಇವತ್ತು ಬೆಳಿಗ್ಗೆ ಮೆಟ್ಟಿಲು ಹತ್ತಿ ಬಂದು ಕೂತವಳ ಮುಂದೆ ನಾನೇ ಬರೆದಿಟ್ಟ ಒಂದು ಹೊಸ ಅರ್ಜಿ ಇತ್ತು. ಹೋದ ತಿಂಗಳು ನೀಲಮ್ಮ ಫೋನ್ ಮಾಡಿ, ಯಂತ್ರದೊಳಗೆ ಸಿಕ್ಕಿಕೊಂಡ ಚೂರುಗಳನ್ನು ಕೈ ಹಾಕದೆ ತೆಗೆಯುವ ಒಂದು ಉಪಾಯ ವಿವರಿಸಿದ್ದರು. ಮೊದಲು ಯಾರಾದರೂ ಮಾಡ್ಯಾರೇನು ನೋಡಿ ಹೇಳ್ರಿ ಎಂದಿದ್ದರು. ಮೂರು ವಾರ ಹುಡುಕಿದೆ. ಎಲ್ಲೂ ಇಲ್ಲ. ಮಧ್ಯಾಹ್ನ ಅವರ ಊಟದ ಬಿಡುವಿನಲ್ಲಿ ಫೋನ್ ಮಾಡಿ ಅರ್ಜಿಯನ್ನು ಒಂದೊಂದೇ ಸಾಲು ಓದತೊಡಗಿದೆ. ಹಿಂದೆ ಪ್ರೆಸ್ಸುಗಳ ಸದ್ದು, ಹೆಂಗಸರ ನಗು.

“ಕಂಡುಹಿಡಿದವರ ಹೆಸರು: ನೀಲಮ್ಮ,” ಎಂದು ಓದಿದೆ.

“ಹೌದ್ರಿ, ನಾನಽ,” ಎಂದರು ಅವರು. “ಮುಂದ ಓದ್ರಿ.”