ಎರಡು ಬೆರಳು ತಗ್ಗು

ಅಟ್ಟದ ಮೇಲೆ ಕೂತು ಊಟ ಮಾಡುತ್ತಿದ್ದ ಉಳಿಯಕ್ಕನಿಗೆ ಕೆಳಗಿನಿಂದ ಗರಗಸದ ಸದ್ದು ಕೇಳಿಸಿತು. ತುತ್ತು ಕೈಯಲ್ಲೇ ನಿಂತಿತು. ಹಸಿ ಹಲಗೆ ಕೊಯ್ಯುವಾಗ ಗರಗಸ ಗೊರಕೆ ಹೊಡೆಯುತ್ತದೆ. ಇದು ಗೊರಕೆಯಲ್ಲ, ಗಂಟಲು ಒಣಗಿದವರ ಕೆಮ್ಮಿನಂತೆ ಚುಟುಕಾಗಿ, ಗಡುಸಾಗಿತ್ತು. ಚೆನ್ನಾಗಿ ಒಣಗಿಸಿ, ಎಣ್ಣೆ ಕುಡಿಸಿ, ಉಜ್ಜಿ ಮುಗಿಸಿದ ಮರದ ಸದ್ದು. ಅಂಥ ಮರ ವರ್ಕ್‌ಶಾಪಿನಲ್ಲಿ ಇದ್ದದ್ದು ಒಂದೇ ಕಡೆ. ಕೈ ತೊಳೆಯದೆ ಏಣಿ ಇಳಿದಳು.

ಅಪ್ಪ ಮಂಡಿಯೂರಿ ಕೂತಿದ್ದ. ಎದುರಿಗೆ, ಚರ್ಚಿನವರು ಮಾಡಿಸುತ್ತಿದ್ದ ತ್ರಿತ್ವದ ಕೆತ್ತನೆ. ಪಿತ ತನ್ನ ಪೀಠದ ಮೇಲಿದ್ದ, ತಲೆಯ ಪಕ್ಕದಲ್ಲಿ ಪವಿತ್ರಾತ್ಮದ ಪಾರಿವಾಳ ರೆಕ್ಕೆ ಬಿಚ್ಚಿತ್ತು. ಸುತನನ್ನು ಮಾತ್ರ ಕೆಳಗಿಳಿಸಿ, ಗೋಣಿಯ ಮೇಲೆ ಮಲಗಿಸಿ, ಪೀಠದ ಬುಡವನ್ನು ಎರಡು ಬೆರಳಿನಷ್ಟು ಕೊಯ್ದು ಹಾಕಿದ್ದ. ಅವಳು ನೋಡುತ್ತಿದ್ದಂತೆಯೇ ಅದನ್ನೆತ್ತಿ ಪಿತನ ಪಕ್ಕಕ್ಕೆ ಇಟ್ಟ.

"ಈಗ ಸರಿಯಾಯ್ತು," ಅಂದ, ಹೊಟ್ಟು ಊದುತ್ತಾ.

ಸರಿಯಾಗಿರಲಿಲ್ಲ. ಕೊಯ್ತ ಸೊಟ್ಟಗಿತ್ತು. ಸುತ ತೂಕಡಿಸುವವನ ಹಾಗೆ ತಂದೆಯ ಭುಜದ ಕಡೆಗೆ ವಾಲಿದ್ದ. ಕೊಯ್ದು ಬಿದ್ದ ತುಂಡು ಹೊಟ್ಟಿನಲ್ಲಿ ಅಂಗಾತ ಬಿದ್ದಿತ್ತು. ಅದರ ಮೇಲೆ ಅವತ್ತು ಬೆಳಿಗ್ಗೆ ಅವಳು ಹೊಡೆದ ಗುರುತು: ಒಂದು ಗೆರೆ, ಅದರ ಮೇಲೆ ಒಂದು ಎಲೆ.

ಊರವರು ಅವಳನ್ನು ಉಳಿಯಕ್ಕ ಅನ್ನುವುದು ಅರ್ಧ ಪ್ರೀತಿಗೆ, ಅರ್ಧ ಚೇಷ್ಟೆಗೆ. ಓರಗೆಯವರು ಸೂಜಿ ಹಿಡಿದ ವಯಸ್ಸಿನಲ್ಲಿ ಇವಳು ಉಳಿ ಹಿಡಿದಳು. ಹೆಬ್ಬೆರಳಿನ ಬುಡದಲ್ಲಿ ಹಳೆಯ ಗಾಯದ ಬಿಳಿ ಗೆರೆ. ಎಷ್ಟು ಬಾಚಿದರೂ ಕೂದಲಲ್ಲಿ ಉಳಿಯುವ ಮರದ ಪುಡಿ. ಅಮ್ಮ ಬದುಕಿದ್ದಾಗ ಆ ಅಂಗೈಗೆ ಎಣ್ಣೆ ತಿಕ್ಕುತ್ತಾ, ಅಪ್ಪನ ಹಟವೆಲ್ಲ ನಿನ್ನ ಕೈಗೇ ಇಳೀಬೇಕಿತ್ತಾ ಎಂದು ಬೈಯುತ್ತಿದ್ದಳು.

ಆ ವರ್ಕ್‌ಶಾಪಿಗೆ ಒಂದು ಕಟ್ಟಲೆಯಿತ್ತು. ಮೂರ್ತಿಯ ಕೆಳರೆಪ್ಪೆಯನ್ನು ಬಿಡಿಸಿದವರು ಪೀಠದಡಿ ತಮ್ಮ ಗುರುತು ಹೊಡೆಯಬೇಕು. ಕೆಳರೆಪ್ಪೆ ಬಿಡಿಸುವ ಹಕ್ಕು ಮೇಸ್ತ್ರಿಯದು ಮಾತ್ರ. ಮೇಸ್ತ್ರಿ ಅಂದರೆ ಅಪ್ಪ. ಅವನ ಮಣಿಕಟ್ಟು ನಡುಗತೊಡಗಿದ ಮೇಲೆ ಮುಖ, ಬೆರಳು, ಬಟ್ಟೆಯ ನೆರಿಗೆ ಎಲ್ಲವೂ ಅವಳ ಕೆಲಸವಾಯಿತು. ಆದರೂ ಕಡೆಗೆ ಅವನು ಬರುತ್ತಿದ್ದ. ಅವಳು ಮುಗಿಸಿದ ರೆಪ್ಪೆಯ ಮೇಲೆ ಉಳಿಯನ್ನು ಗಾಳಿಯಲ್ಲಿ ಒಮ್ಮೆ ಆಡಿಸಿ, ತನ್ನ ಗುರುತು ಹೊಡೆಯುತ್ತಿದ್ದ. ಜನ ಮೊಣಕಾಲೂರಿದ್ದು ಅವಳ ಕೆತ್ತನೆಯ ಮುಂದೆ, ಹೊಗಳಿದ್ದು ಅವನನ್ನು. ಈ ಸಲ ಅವಳು ಕೇಳಿದ್ದಳು: ಪಿತ ನಿನ್ನದು, ಸುತ ನನ್ನದು, ಅದರ ಅಡಿಗೆ ನನ್ನ ಗುರುತಿರಲಿ. ಅಪ್ಪ ಹೂಂ ಅನ್ನಲಿಲ್ಲ, ಉಹೂಂ ಅನ್ನಲಿಲ್ಲ. ಅವಳು ಕಾಯಲಿಲ್ಲ.

ಹಾಗೆ ಕೇಳುವ ಧೈರ್ಯ ಕೊಟ್ಟಿದ್ದು ಪಾದ್ರಿ. ಕೆತ್ತನೆ ನೋಡಲು ಬಂದಾಗಲೆಲ್ಲ ಅವರು ಬೆಂಚಿನ ಮೇಲೆ ಕೂತು ಹಳೆಯ ಜಗಳವೊಂದರ ಕಥೆ ಹೇಳುತ್ತಿದ್ದರು. ಕ್ರೈಸ್ತ ಸಭೆಯ ಮೊದಲ ಶತಮಾನಗಳಲ್ಲಿ, ಈಜಿಪ್ಟಿನ ಬಂದರಿನ ಪಟ್ಟಣದಲ್ಲಿ ಒಬ್ಬ ಗುರು ಇದ್ದನಂತೆ. ಸುತ ದೊಡ್ಡವನೇ, ಆದರೆ ಪಿತ ಅವನನ್ನು ಉಂಟುಮಾಡಿದ್ದು; ಸುತ ಇಲ್ಲದಿದ್ದ ಒಂದು ಕಾಲವಿತ್ತು ಅಂದನಂತೆ. ಅದಕ್ಕೆ ಬೀದಿ ಬೀದಿಯಲ್ಲಿ ಜಗಳ. ಚಕ್ರವರ್ತಿ ಬಿಷಪ್ಪರನ್ನೆಲ್ಲ ಕೂಡಿಸಿದ. ಸುತ ಪಿತನಿಂದ ಹುಟ್ಟಿದವನು, ಮಾಡಲ್ಪಟ್ಟವನಲ್ಲ, ಇಬ್ಬರದೂ ಒಂದೇ ಸತ್ವ ಎಂದು ಅವರು ತೀರ್ಮಾನಿಸಿದರು. ಜಗಳವೇನೂ ಅಲ್ಲಿಗೆ ಮುಗಿಯಲಿಲ್ಲ. ಆಮೇಲೂ ಎಷ್ಟೋ ವರ್ಷ ಒಬ್ಬರನ್ನೊಬ್ಬರು ಗಡೀಪಾರು ಮಾಡಿಸಿದರು. ಇವತ್ತಿಗೂ ಭಾನುವಾರ ಎದ್ದು ನಿಂತು ನಾವು ಹೇಳುವ ವಿಶ್ವಾಸದ ಮಾತು ಆ ಜಗಳದಲ್ಲೇ ಮಸೆದದ್ದು ಎಂದು ಹೇಳಿ, ಪಾದ್ರಿ ಪೀಠಗಳನ್ನು ತೋರಿಸಿದ್ದರು. ಇವರಲ್ಲಿ ಹಿರಿಯ ಕಿರಿಯ ಇಲ್ಲ, ಎರಡರ ಎತ್ತರ ಕೂದಲೆಳೆಯಷ್ಟೂ ಹೆಚ್ಚುಕಮ್ಮಿ ಇರಬಾರದು ಅಂದಿದ್ದರು.

ಹುಟ್ಟಿಸೋದಕ್ಕೂ ಮಾಡೋದಕ್ಕೂ ಏನು ವ್ಯತ್ಯಾಸ ಎಂದು ಮೇಸ್ತ್ರಿ ಕೇಳಿದ್ದ. ಪಾದ್ರಿ ನಕ್ಕು, "ಕುರ್ಚಿ ಮಾಡ್ತೀರಿ, ಅದು ನಿಮ್ಮಂಥದ್ದಲ್ಲ. ಮಗಳನ್ನ ಹುಟ್ಟಿಸಿದೀರಿ, ಅವಳು ನಿಮ್ಮಂಥವಳೇ," ಅಂದಿದ್ದರು.

"ಇವಳನ್ನ ಹುಟ್ಟಿಸಿದ್ದೂ ನಾನೇ, ಉಳಿ ಹಿಡಿಸಿ ಮಾಡಿದ್ದೂ ನಾನೇ ಗುರುಗಳೇ," ಅಂದಿದ್ದ ಮೇಸ್ತ್ರಿ. "ನಿಮ್ಮ ಬಂದರಿನವನು ತಿಳಿದವನು. ಸುಮ್ಮನೆ ಓಡಿಸಿಬಿಟ್ಟರು."

ಅವತ್ತು ಮೂಲೆಯಲ್ಲಿ ಸಾಣೆ ಹಿಡಿಯುತ್ತಿದ್ದ ಅವಳಿಗೆ ಕೇಳಿಸಿದ್ದು ಪಾದ್ರಿಯ ಮಾತು ಮಾತ್ರ. ಅವಳು ನಿಮ್ಮಂಥವಳೇ. ರಾತ್ರಿ ಪಾತ್ರೆ ತೊಳೆಯುವಾಗಲೂ ಅದು ಕಿವಿಯಲ್ಲಿತ್ತು.

ಈಗ ಅವಳು ಹೊಟ್ಟಿನಿಂದ ತುಂಡನ್ನು ಎತ್ತಿಕೊಂಡಳು. ಅಪ್ಪನನ್ನು ಏನೂ ಕೇಳಲಿಲ್ಲ. ಅಪ್ಪನೇ ಹೇಳಿದ: ಮಗನಾದವನು ಅಪ್ಪನ ಸಮಕ್ಕೆ ಕೂತರೆ ನೋಡೋಕೆ ಚೆನ್ನಾಗಿರಲ್ಲ, ಕಣ್ಣಿಗೆ ಹೊಡೆಯುತ್ತೆ. ಹೇಳುವಾಗ ಅವನು ಮೂರ್ತಿಯ ಕಡೆ ನೋಡುತ್ತಿರಲಿಲ್ಲ.

ಬಾಗಿಲಲ್ಲಿ ಚಪ್ಪಲಿಯ ಸದ್ದಾಯಿತು. ಪಾದ್ರಿ ಒಳಗೆ ಬಂದರು. ಭಾನುವಾರ ಬಿಷಪ್ಪರು ಬಂದು ಕೆತ್ತನೆಯನ್ನು ಆಶೀರ್ವದಿಸುವುದಿತ್ತು. ವಾಲಿದ ಸುತನನ್ನು ಕಂಡು ಅವರ ಮುಖ ಕಪ್ಪಿಟ್ಟಿತು. ಏನಿದು ಎಂದು ಕೇಳಿದರು.

"ಇವಳು ಅಳತೆ ತಪ್ಪಿದಾಳೆ," ಅಂದ ಮೇಸ್ತ್ರಿ, ರೆಪ್ಪೆ ಮಿಟುಕಿಸದೆ.

ಉಳಿಯಕ್ಕ ಗರಗಸ ಬಿದ್ದಿದ್ದ ಕಡೆ ನೋಡಿದಳು, ಅಪ್ಪನ ಮೊಣಕಾಲಿಗೆ ಅಂಟಿದ್ದ ಹೊಟ್ಟು ನೋಡಿದಳು. ಪಾದ್ರಿಯೂ ನೋಡಿದರು. ಅವರಿಗೆ ಎಲ್ಲ ತಿಳಿಯಿತು. ತಿಳಿದೂ, ಅವಳ ಕೈಲಿದ್ದ ತುಂಡನ್ನೇ ಅಂಟಿಸಿಬಿಡಲು ಹೇಳಿದರು. ಅಳತೆಗೆ ಅದಕ್ಕಿಂತ ಸರಿಯಾದ್ದು ಸಿಗುವುದಿಲ್ಲ, ಬಣ್ಣ ಬಿದ್ದರೆ ಗೊತ್ತಾಗುವುದಿಲ್ಲ.

"ಗುರುತು ಕೆರೆದು ಅಂಟಿಸಲಿ," ಅಂದ ಮೇಸ್ತ್ರಿ.

ಅವಳು ಪಾದ್ರಿಯ ಬಾಯನ್ನೇ ನೋಡುತ್ತಿದ್ದಳು. ಅವರ ಬೆರಳು ಜಪಮಣಿಯ ಮೇಲೆ ಓಡಾಡುತ್ತಿತ್ತು.

"ಹಾಗೇ ಮಾಡಮ್ಮ," ಅಂದರು. "ದೇವರ ಕೆಲಸಕ್ಕೆ ಹೆಸರು ಯಾಕೆ ಬೇಕು?"

"ಹಾಗಿದ್ರೆ ಅಪ್ಪನ ಗುರುತನ್ನೂ ಕೆರೀಲಾ?"

"ಅವರು ಹಿರಿಯರು."

"ಹಿರಿಯ ಕಿರಿಯ ಇಲ್ಲ ಅಂದಿದ್ರಿ. ಈ ಬೆಂಚಿನ ಮೇಲೇ ಕೂತು ಅಂದಿದ್ರಿ."

"ಅದು ದೇವರ ಸಂಗತಿ ಅಲ್ವೇನಮ್ಮ. ಮನೆಗೆ ತಂದರೆ ಹೇಗೆ?"

ಮೇಸ್ತ್ರಿ ಗಂಟಲಲ್ಲೇ ನಕ್ಕ. ಗೆದ್ದವನ ನಗು. ಆದರೆ ನಗುತ್ತಲೇ ಅವನ ಬಲಗೈ ನಡುಗುತ್ತಿತ್ತು, ಅವನು ಅದನ್ನು ಎಡಗೈಯಿಂದ ಹಿಡಿದುಕೊಂಡ. ಆ ಕೈ ನಡುಗಿದಾಗಲೆಲ್ಲ ಅವಳೇ ಹೋಗಿ ಹಿಡಿದುಕೊಳ್ಳುತ್ತಿದ್ದಳು. ಇವತ್ತು ಅವಳು ಬೆಂಚಿನ ಮೇಲೆ ಬಿಚ್ಚಿದ್ದ ತನ್ನ ಉಳಿಗಳನ್ನು ಒಂದೊಂದಾಗಿ ಉಳಿ ಸುತ್ತುವ ಬಟ್ಟೆಯ ಜೇಬುಗಳಿಗೆ ತೂರಿಸಿದಳು. ತುಂಡನ್ನೂ ಅದರೊಳಗೆ ಸುತ್ತಿದಳು.

"ಅದನ್ನ ಇಲ್ಲಿಡು," ಅಂದ ಅಪ್ಪ.

ಅವಳು ದಾರ ಬಿಗಿದಳು. ಗರಗಸವನ್ನು ಎತ್ತಿ ಪಿತನ ಮಡಿಲಲ್ಲಿಟ್ಟಳು.

"ಎರಡನ್ನೂ ಸಮ ಮಾಡೋಕೆ ಈಗ ಒಂದೇ ದಾರಿ ಇರೋದು. ಪಿತನ ಪೀಠಾನೂ ಕೊಯ್ಯಿ. ನಿನ್ನ ಗುರುತು ಇರೋ ಕಡೆಯಿಂದಲೇ ಕೊಯ್ಯಿ. ಕೈ ನೆಟ್ಟಗೆ ಓಡಿದ್ರೆ."

ಮೇಸ್ತ್ರಿಯ ಮುಖ ಕೆಂಪಾಯಿತು. ನಿನಗೆ ಅನ್ನ ಹಾಕಿದ ಉಳಿ ಅವು, ನನ್ನ ಹೊಸಿಲು ದಾಟಿ ನೋಡು ಎಂದು ಶುರುಮಾಡಿದ. ಪಾದ್ರಿ ನಡುವೆ ಬಂದು ಅವಳಿಗೆ, ನಾಳೆ ಬೆಳಿಗ್ಗೆ ಬಾ, ಮೂವರೂ ಕೂತು ಮಾತಾಡೋಣ ಎಂದರು. ಒಂದು ದೀಪದಿಂದ ಇನ್ನೊಂದು ದೀಪ ಹಚ್ಚಿದರೆ ಮೊದಲಿನದಕ್ಕೆ ಬೆಳಕೇನೂ ಕಮ್ಮಿಯಾಗುವುದಿಲ್ಲ ಮೇಸ್ತ್ರಿ ಎಂದು ಅವನ ಕಡೆ ತಿರುಗಿ ತಣ್ಣಗೆ ಹೇಳತೊಡಗಿದರು. ಆ ಮಾತು ಮುಗಿಯುವ ಮೊದಲೇ ಉಳಿಯಕ್ಕ ಬೀದಿಯಲ್ಲಿದ್ದಳು. ಉಳಿಯ ಕಟ್ಟು ಕಂಕುಳಲ್ಲಿತ್ತು.