ಮಹಡಿ ಮನೆಯ ನಿರ್ದೇಶಕ

ಮೊನ್ನೆ ಮೊಮ್ಮಗಳು ಉಗುರಿನ ಬಣ್ಣ ಅಳಿಸಲೆಂದು ಬಾಟಲಿಯ ಮುಚ್ಚಳ ತೆಗೆದಳು. ಆ ಘಾಟಿಗೆ ನನಗೆ ನೆನಪಾದವನು, ಎಪ್ಪತ್ತರ ದಶಕದ ಕೊನೆಯಲ್ಲಿ ಉಡುಪಿ ಬನ್ನಂಜೆಯ ನಮ್ಮ ಮನೆಯ ಮಹಡಿಯಲ್ಲಿ ಬಾಡಿಗೆಗಿದ್ದ ಸಿನಿಮಾ ನಿರ್ದೇಶಕ. ರೀಲಿನ ತುಂಡುಗಳನ್ನು ಕೂಡಿಸಲು ಅವನು ಬಳಸುತ್ತಿದ್ದ ಅಂಟಿಗೂ ಇದೇ ವಾಸನೆ ಇತ್ತು. ಮೆಟ್ಟಿಲಿಳಿದು ನಮ್ಮ ಅಡುಗೆಮನೆಗೂ ಬರುತ್ತಿತ್ತು...

ಬೊಂಬಾಯಿಯಲ್ಲಿ ಕೆಲವೇ ತಿಂಗಳು ಇದ್ದು ಬಂದವನು. ಯಾವ ನಿರ್ಮಾಪಕನ ಹಂಗೂ ಬೇಡ, ಸ್ವಂತ ಸಿನಿಮಾ ಮಾಡುತ್ತೇನೆ ಎನ್ನುತ್ತಿದ್ದ. ವಿಷಯ, ಮಹಾನಗರದ ಮನುಷ್ಯನ ಆತಂಕ. ಗಂಜಿ, ಬಂಗುಡೆ ಮೀನಿನ ಸಾರು ಉಂಡು ಸಂಜೆಯ ಚಹಾದವರೆಗೆ ಗೊರಕೆ ಹೊಡೆಯುವವನಿಗೆ ಆತಂಕದ ಬಗ್ಗೆ ಎಷ್ಟೊಂದು ಮಾತು! ಮತ್ತೆ ಬೊಂಬಾಯಿಗೆ ಹೋಗಲಾಗದೆ ಉಡುಪಿಯ ಬಸ್ ನಿಲ್ದಾಣವನ್ನೇ ಬೊಂಬಾಯಿ ಎಂದುಕೊಂಡ. ಒಂಟಿತನ ತೋರಿಸಲು ಕಾಪು ಕಡಲದಂಡೆಯ ದೀಪಸ್ತಂಭ ಸಾಕಾಯಿತು. ಅಲ್ಲಿ ಬಲೆ ಒಣಗಿಸುತ್ತಿದ್ದವರನ್ನು ಕ್ಯಾಮೆರಾಕ್ಕೆ ಅಡ್ಡ ಎಂದು ಎಬ್ಬಿಸಲು ಹೋಗಿ, ಬೈಗುಳ ತಿಂದು ಬಂದ.

ಆ ಮನೆಯಲ್ಲಿ ಆತಂಕ ಎಂದರೇನೆಂದು ಗೊತ್ತಿದ್ದದ್ದು ಅವನ ಹೆಂಡತಿಗೆ. ಕಾರ್ಕಳದ ಹುಡುಗಿ. ಜನಜಂಗುಳಿಯಲ್ಲಿ ಅವಳ ಉಸಿರು ಸಿಕ್ಕಿಕೊಳ್ಳುತ್ತಿತ್ತು. ಆಗ ಶಾಲೆಯಲ್ಲಿ ಟೀಚರಾಗಿದ್ದ ನನ್ನ ಜೊತೆ ಪೇಟೆಗೆ ಬಂದರೆ ನನ್ನ ತೋಳು ಬಿಡುತ್ತಿರಲಿಲ್ಲ. ಅದು ಅವನಿಗೂ ಗೊತ್ತಿತ್ತು. ಗೊತ್ತಿದ್ದೇ ಅವಳನ್ನು ನಾಯಕಿ ಮಾಡಿದ.

ಒಂದು ದಿನ ಅವಳನ್ನು ಬಸ್ ನಿಲ್ದಾಣದ ನಡುವೆ ನಿಲ್ಲಿಸಿ, ತಾನು ಎದುರಿನ ಬಟ್ಟೆ ಅಂಗಡಿಯ ಮಹಡಿಯಲ್ಲಿ ಕ್ಯಾಮೆರಾ ಹಿಡಿದು ಕುಳಿತ. ಅವಳ ಧೈರ್ಯಕ್ಕೆಂದು ಹೋದ ನನಗೆ ದೂರ ನಿಲ್ಲಲು ಹೇಳಿದ. ಬಸ್ಸುಗಳು ಬಂದವು, ಜನ ನುಗ್ಗಿದರು. ಅವಳ ಮುಖ ಬಿಳಿಚಿತು. ಎದೆ ಹಿಡಿದುಕೊಂಡು, "ಓ ಇವ್ರೇ... ಬನ್ನಿ, ಬೇಗ ಬನ್ನಿ" ಎಂದು ಕೂಗಿದಳು. ಮಹಡಿಯಲ್ಲಿ ಕ್ಯಾಮೆರಾ ತಿರುಗುತ್ತಲೇ ಇತ್ತು. ನಾನು ಓಡಿಹೋಗಿ ಅವಳನ್ನು ತಬ್ಬಿಕೊಂಡೆ.

ಅವನು ಇಳಿದು ಬಂದದ್ದು ನನ್ನನ್ನು ಬೈಯಲಿಕ್ಕೆ. "ಎಂತ ಮಾಡಿದ್ರಿ ಟೀಚರೇ! ಅಂಥ ಶಾಟ್ ಇನ್ನು ಸಿಗ್ಲಿಕ್ಕುಂಟಾ?"

ಅವಳು ನಿಧಾನವಾಗಿ ತಲೆಯೆತ್ತಿದಳು. "ನಾನು ಕರೆದದ್ದು ನಿಮಗೆ ಕೇಳಿತಾ?"

"ಕೇಳಿತು ಮಾರಾಯ್ತಿ. ನನಗೆ ಅದೇ ಅಲ್ವಾ ಬೇಕಿದ್ದದ್ದು?"

ಅವಳು ನನ್ನ ಕೈ ಹಿಡಿದು ಮನೆಯ ಕಡೆ ನಡೆದಳು. ಅದೇ ವಾರ ಅಣ್ಣನನ್ನು ಕರೆಸಿಕೊಂಡು ಕಾರ್ಕಳಕ್ಕೆ ಹೊರಟಳು. ಮರಳಿ ಬರಲಿಲ್ಲ.

ಸಿನಿಮಾ ಮಣಿಪಾಲದಲ್ಲಿ ಪ್ರದರ್ಶನವಾಯಿತು. ಪರದೆಯ ಮೇಲೆ ಅವಳ ಬಾಯಿ ಆಡುತ್ತಿತ್ತು, ಧ್ವನಿ ಇರಲಿಲ್ಲ. ಅವಳ ಕೂಗು ತೆಗೆದು ಗಡಿಯಾರದ ಟಿಕ್ ಟಿಕ್ ಹಾಕಿದ್ದ! ಜನ ಚಪ್ಪಾಳೆ ತಟ್ಟಿದರು. ಇಂಥ ಅಭಿನಯ ಹೇಗೆ ತೆಗೆದಿರಿ ಎಂದು ಯಾರೋ ಕೇಳಿದರು. "ತುಂಬಾ ತಾಲೀಮು ಬೇಕಾಯಿತು" ಎಂದ.

ನಾನು ಎದ್ದು ನಿಂತೆ. "ಅದು ಅಭಿನಯ ಅಲ್ಲ. ಅವಳು ಹೆದರಿ ಗಂಡನನ್ನು ಕರೆದದ್ದು. ಗಂಡ ಬರಲಿಲ್ಲ."

ಸಭೆ ಅವನತ್ತ ತಿರುಗಿತು. ಅವನು ನಕ್ಕ. "ನೋಡಿದಿರಾ, ನಮ್ಮ ಟೀಚರು ಪೂರಾ ನಂಬಿಬಿಟ್ಟಿದ್ದಾರೆ" ಎಂದ. ಸಭೆಯೂ ನಕ್ಕಿತು... ಅಂಥವನೊಂದಿಗೆ ನಾನು ಮತ್ತೆ ಮಾತಾಡಲಿಲ್ಲ. ಕೆಲವು ತಿಂಗಳಲ್ಲಿ ರೀಲುಗಳನ್ನು ಹೊತ್ತುಕೊಂಡು ಮಹಡಿ ಖಾಲಿ ಮಾಡಿದ. ಮುಂದೆ ಅವನ ಹೆಸರನ್ನು ಎಲ್ಲಿಯೂ ಕೇಳಲಿಲ್ಲ. ಕೇಳುವ ಆಸೆಯೂ ಇರಲಿಲ್ಲ.

ಕಳೆದ ವರ್ಷ ಅವಳು ತೀರಿಕೊಂಡಳು. ಕಾರ್ಕಳದ ಮನೆಯಲ್ಲಿ ಅವಳದೊಂದು ಮಂಕಾದ ಫೋಟೋ ಬಿಟ್ಟರೆ ಬೇರೇನೂ ಇಲ್ಲ. ಅವಳ ನಡಿಗೆ, ಸೆರಗು ಸರಿಪಡಿಸಿಕೊಳ್ಳುವ ರೀತಿ, ತಲೆಯೆತ್ತಿ ನೋಡುವ ನೋಟ, ಎಲ್ಲ ಉಳಿದಿದ್ದರೆ ಆ ದರಿದ್ರ ಸಿನಿಮಾದಲ್ಲಿ ಮಾತ್ರ. ಅದು ಎಲ್ಲಿದೆಯೋ ಯಾರಿಗೂ ಗೊತ್ತಿಲ್ಲ. ಸಿಕ್ಕಿದರೆ, ಹಲ್ಲು ಕಚ್ಚಿಕೊಂಡಾದರೂ ನಾನು ನೋಡಿಯೇನು.